ಲಕ್ಷ ಡಾಲರ್ ಪಾಲಿಸಿ, ಹನ್ನೊಂದು ಸಾವಿರದ ಕ್ಲೇಮು: ಬಾಣಂತನಕ್ಕೆ ಹೋದ ಟೀಚರ್ ಪ್ರಕರಣ

ಟೀಚರ್‌ಗೆ ಆಗ 66 ವರ್ಷ. ಬೆಂಗಳೂರಿನ ವಿಜಯನಗರದ ಒಂದು ಅನುದಾನಿತ ಪ್ರೌಢಶಾಲೆಯಲ್ಲಿ ಗಣಿತ ಹೇಳಿಕೊಟ್ಟು ನಿವೃತ್ತರಾದವರು. ಯಜಮಾನರಿಗೆ 70, ದೂರವಾಣಿ ಇಲಾಖೆಯಲ್ಲಿದ್ದವರು. ಇಬ್ಬರ ಪಿಂಚಣಿ ಸೇರಿ ತಿಂಗಳಿಗೆ 78 ಸಾವಿರ ರೂಪಾಯಿ ಬರುತ್ತದೆ. ಒಬ್ಬಳೇ ಮಗಳು. ಅಮೆರಿಕದ ಟೆಕ್ಸಾಸ್‌ನಲ್ಲಿ, ಡಾಲಸ್ ಪಕ್ಕದ ಊರಿನಲ್ಲಿದ್ದಾಳೆ. 2024ರ ಏಪ್ರಿಲ್‌ನಲ್ಲಿ ಅವಳ ಹೆರಿಗೆ ಇತ್ತು. ಬಾಣಂತನಕ್ಕೆ ಅಂತ ಮಾರ್ಚ್‌ನಲ್ಲೇ ಇಬ್ಬರೂ ಹೊರಟರು. ಸೆಪ್ಟೆಂಬರ್‌ಗೆ ವಾಪಸ್ ಬರುವ ಲೆಕ್ಕ.

ನಾನು ಜನರಲ್ ಇನ್ಶೂರೆನ್ಸ್ ಕಂಪನಿಯೊಂದರ ಕ್ಲೇಮ್ಸ್ ವಿಭಾಗದಲ್ಲಿ ಕೆಲಸ ಮಾಡಿ ನಿವೃತ್ತನಾದವನು. ಬೀದಿಯಲ್ಲಿ ಯಾರಿಗೆ ಪಾಲಿಸಿ ತಕರಾರು ಬಂದರೂ ಪ್ಲಾಸ್ಟಿಕ್ ಕವರಿನಲ್ಲಿ ಕಾಗದ ತುಂಬಿಕೊಂಡು ನಮ್ಮ ಮನೆಗೆ ಬರುತ್ತಾರೆ. ಟೀಚರ್ ದಂಪತಿ ಬಂದದ್ದೂ ಹಾಗೆಯೇ. ಅವರ ಒಪ್ಪಿಗೆ ತಗೊಂಡು ಇದನ್ನು ಬರೆಯುತ್ತಿದ್ದೇನೆ. ಗುರುತು ಸಿಗದಿರಲಿ ಅಂತ ಸಣ್ಣಪುಟ್ಟ ವಿವರ ಬದಲಿಸಿದ್ದೇನೆ, ಕಂಪನಿ ಮತ್ತು ಆಸ್ಪತ್ರೆಯ ಹೆಸರು ಬಿಟ್ಟಿದ್ದೇನೆ.

ಹೊರಡುವ ಮುಂಚೆ ಕೈಯಲ್ಲಿದ್ದದ್ದು

ಇಬ್ಬರಿಗೂ ಸೇರಿ ಇಲ್ಲಿ 5 ಲಕ್ಷದ ಫ್ಯಾಮಿಲಿ ಫ್ಲೋಟರ್ ಪಾಲಿಸಿ ಇತ್ತು. ಎಷ್ಟೋ ವರ್ಷದಿಂದ ತಪ್ಪದೆ ಕಟ್ಟುತ್ತಿದ್ದರು. ಆದರೆ ನಮ್ಮಲ್ಲಿ ಮಾಮೂಲಿಯಾಗಿ ಸಿಗುವ ಆರೋಗ್ಯ ವಿಮೆ ನಡೆಯುವುದು ಭಾರತದೊಳಗಿನ ಚಿಕಿತ್ಸೆಗೆ ಮಾತ್ರ. ಅಮೆರಿಕದಲ್ಲಿ 65 ದಾಟಿದವರಿಗೆ ಇರುವ ಸರ್ಕಾರಿ ಮೆಡಿಕೇರ್ ಪ್ರವಾಸಿ ವೀಸಾದವರಿಗೆ ಸಿಗುವುದಿಲ್ಲ. ಮಗಳು ಅಳಿಯನ ಕಂಪನಿ ವಿಮೆಗೂ ಇವರನ್ನು ಸೇರಿಸುವ ಹಾಗಿರಲಿಲ್ಲ. ಹಾಗಾಗಿ ಪ್ರವಾಸ ವಿಮೆ ಬೇಕಾಯಿತು. ಪರಿಚಯದ ಏಜೆಂಟ್ ಒಬ್ಬರ ಮೂಲಕ ಫೆಬ್ರವರಿಯಲ್ಲಿ 180 ದಿನದ ಪಾಲಿಸಿ ಮಾಡಿಸಿದರು. ಮೊದಲ ಪುಟದಲ್ಲಿ ದಪ್ಪ ಅಕ್ಷರದಲ್ಲಿ 1,00,000 ಡಾಲರ್ ಅಂತ ಇತ್ತು.

ಅರ್ಜಿ ತುಂಬುವಾಗ ಟೀಚರ್ ಏನನ್ನೂ ಮುಚ್ಚಿಡಲಿಲ್ಲ. ಬಿಪಿ ಇದೆ, ಥೈರಾಯ್ಡ್ ಇದೆ, ಇಂಥ ಮಾತ್ರೆ ತಗೊಳ್ತೀನಿ ಅಂತ ಬರೆದರು. "ಬಿಪಿ ಬರೆದರೆ ರೇಟು ಜಾಸ್ತಿ ಆಗುತ್ತೆ ಮೇಡಂ, ಸುಮ್ನೆ ಬಿಡಿ" ಅಂತ ಏಜೆಂಟ್ ಹೇಳಿದನಂತೆ. "ಇಲ್ಲ ಅಂತ ಬರೆದು ದಿನಾ ಬೆಳಿಗ್ಗೆ ಮಾತ್ರೆ ನುಂಗಲಾ?" ಅಂತ ಇವರು ಒಪ್ಪಲಿಲ್ಲ. ಈ ಒಂದು ಹಟ ಮುಂದೆ ತುಂಬಾ ಉಪಯೋಗಕ್ಕೆ ಬಂತು.

ನಾಮಕರಣದ ರಾತ್ರಿ

ಮೇ ತಿಂಗಳ ಒಂದು ಶನಿವಾರ ಮೊಮ್ಮಗುವಿನ ನಾಮಕರಣ. ಟೀಚರ್ ತಾವೇ ನಿಂತು ಹೋಳಿಗೆ ಮಾಡಿದ್ದರು. ಮೇಲೆ ತುಪ್ಪ, ಜೊತೆಗೆ ಆಂಬೊಡೆ. ರಾತ್ರಿ ಹತ್ತರ ಹೊತ್ತಿಗೆ ಹೊಟ್ಟೆಯ ಮೇಲ್ಭಾಗದಲ್ಲಿ ನೋವು ಶುರುವಾಯಿತು. ಗ್ಯಾಸ್ ಇರಬೇಕು ಅಂತ ಓಂಕಾಳು ಕಷಾಯ ಕುಡಿದು ಮಲಗಿದರು. ಹನ್ನೆರಡಕ್ಕೆ ನೋವು ಬಲಗಡೆ ಪಕ್ಕೆಗೆ ತಿರುಗಿ, ಬಲ ಭುಜದ ಹಿಂದಕ್ಕೂ ಎಳೆಯತೊಡಗಿತು. ಆಮೇಲೆ ವಾಂತಿ. ಮೂರು ಗಂಟೆಗೆ ಚಳಿ ಜ್ವರ. ಆಗಲೂ "ಬೆಳಗಾಗಲಿ" ಅಂದರಂತೆ. ಅಮೆರಿಕದ ಎಮರ್ಜೆನ್ಸಿ ಬಾಗಿಲು ದಾಟಿದರೆ ಲಕ್ಷಗಟ್ಟಲೆ ಬಿಲ್ಲು ಅನ್ನುವ ಭಯ ಅಲ್ಲಿ ಹೋಗಿರುವ ಎಲ್ಲ ಅಪ್ಪ ಅಮ್ಮಂದಿರಿಗೂ ಇರುತ್ತದೆ. ಭಾನುವಾರ ಮಧ್ಯಾಹ್ನ ಮಗಳೇ ಬಲವಂತವಾಗಿ ಕಾರು ಹತ್ತಿಸಿದಳು. ಅಷ್ಟರಲ್ಲಿ ಹದಿನಾರು ಗಂಟೆ ಕಳೆದಿತ್ತು. ಪಿತ್ತಕೋಶ ಕೊಳೆಯಲು ಶುರುವಾಗಿದ್ದು ಆ ಹೊತ್ತಿನಲ್ಲೇ ಇರಬೇಕು ಅಂತ ನನ್ನ ಅನುಮಾನ. ಬಿಲ್ಲಿಗೆ ಹೆದರಿ ತಡ ಮಾಡಿದರೆ ಕೊನೆಗೆ ಏರುವುದೂ ಬಿಲ್ಲೇ.

ಎಮರ್ಜೆನ್ಸಿಗೆ ಬಂದವರನ್ನು ದುಡ್ಡು ಇದೆಯೋ ಇಲ್ಲವೋ ಅಂತ ನೋಡದೆ ತಪಾಸಣೆ ಮಾಡಿ, ಪ್ರಾಣಾಪಾಯ ತಪ್ಪುವವರೆಗೆ ನೋಡಿಕೊಳ್ಳಬೇಕು ಅಂತ ಅಮೆರಿಕದಲ್ಲಿ 1986ರಿಂದ ಕೇಂದ್ರ ಕಾನೂನೇ ಇದೆ. ಹಾಗಾಗಿ ಒಳಗೆ ಕರೆದುಕೊಳ್ಳಲು ಯಾರೂ ಅಡ್ವಾನ್ಸ್ ಕೇಳಲಿಲ್ಲ. ಅಲ್ಟ್ರಾಸೌಂಡ್ ಆಯಿತು, ರಕ್ತ ಪರೀಕ್ಷೆ ಆಯಿತು. ಪಿತ್ತಕೋಶದ ಬಾಯಿಗೆ ಕಲ್ಲು ಸಿಕ್ಕಿಕೊಂಡು ಸೋಂಕಾಗಿದೆ, ಕೂಡಲೇ ತೆಗೆಯಬೇಕು ಅಂದರು. ಸೋಮವಾರ ಬೆಳಿಗ್ಗೆ ಲ್ಯಾಪರೋಸ್ಕೋಪಿ ಮಾಡಿ ತೆಗೆದರು.

ಈ ಮಧ್ಯೆ ನಡೆದ ಎರಡು ವಿಷಯ ನೋಡಿ. ಮೊದಲನೆಯದು, ರಿಜಿಸ್ಟ್ರೇಷನ್ ಕೌಂಟರಿನದು. ಮಗಳು ಫೋನಿನಲ್ಲಿದ್ದ ಪಾಲಿಸಿ ತೋರಿಸಿದಳು. ಕೌಂಟರಿನಲ್ಲಿದ್ದವಳು ಈ ಕಂಪನಿ ಹೆಸರು ನಮ್ಮ ಕಂಪ್ಯೂಟರಿನಲ್ಲಿಲ್ಲ ಅಂದು 'ಸೆಲ್ಫ್ ಪೇ' ಅಂತ ನಮೂದಿಸಿದಳು. ಆಮೇಲೆ ಒಂದು ಟ್ಯಾಬ್ಲೆಟ್ ಮುಂದಿಟ್ಟು ಸಾಲಾಗಿ ಸಹಿ ಹಾಕಿಸಿಕೊಂಡಳು. ಅದರಲ್ಲಿ ಒಂದು, ಬಿಲ್ಲಿಗೆ ನಾನೇ ಜವಾಬ್ದಾರಿ ಅನ್ನುವ ಗ್ಯಾರಂಟರ್ ಕಾಗದ. ಅಮ್ಮ ನೋವಿನಲ್ಲಿ ನರಳುತ್ತಿರುವಾಗ ಯಾರು ಓದುತ್ತಾರೆ? ಮಗಳು ತನ್ನ ಹೆಸರಲ್ಲೇ ಸಹಿ ಹಾಕಿದಳು. ರೋಗಿಯ ಪರವಾಗಿ ಸಹಿ ಮಾಡುವುದು ಬೇರೆ, ಸಾಲಕ್ಕೆ ಜಾಮೀನು ನಿಲ್ಲುವುದು ಬೇರೆ. ಟೀಚರ್ ವಾಪಸ್ ಬಂದ ಮೇಲೂ ಬಿಲ್ಲುಗಳು ಮಗಳ ಬೆನ್ನು ಬಿಡದೇ ಇದ್ದದ್ದು ಈ ಸಹಿಯಿಂದ.

ಎರಡನೆಯದು, ನರ್ಸು ಕೇಳಿದ ಪ್ರಶ್ನೆ. ಮೊದಲು ಯಾವಾಗಲಾದರೂ ಈ ನೋವು ಬಂದಿತ್ತಾ, ಕಲ್ಲು ಇದೆ ಅಂತ ಯಾರಾದರೂ ಹೇಳಿದ್ದರಾ? ಟೀಚರ್ ಇಲ್ಲ ಅಂದರು. ಅದು ಹಾಗೇ ಕೇಸ್ ಶೀಟಿಗೆ ಹೋಯಿತು.

ಅಳಿಯ ಅದೇ ಸಂಜೆ ಪಾಲಿಸಿ ಹಿಂದಿದ್ದ ಟೋಲ್ ಫ್ರೀ ನಂಬರಿಗೆ ಫೋನ್ ಮಾಡಿ ರೆಫರೆನ್ಸ್ ನಂಬರ್ ತಗೊಂಡ. ಇದು ಸರಿಯಾದ ಕೆಲಸ. ಎಮರ್ಜೆನ್ಸಿ ಮುಗಿದು ವಾರ ಕಳೆದ ಮೇಲೆ ತಿಳಿಸಿದರೆ ಅದನ್ನೇ ಒಂದು ನೆಪ ಮಾಡುತ್ತಾರೆ. ವಿಮಾ ಕಂಪನಿ ಪರವಾಗಿ ಕೆಲಸ ನೋಡುವ ಏಜೆನ್ಸಿಯವರು ಪಾಸ್‌ಪೋರ್ಟ್ ಪ್ರತಿ, ಅಲ್ಲಿನ ಡಾಕ್ಟರ ವರದಿ, ಬೆಂಗಳೂರಿನ ಹಳೇ ವೈದ್ಯಕೀಯ ಕಾಗದ ಎಲ್ಲ ಕಳಿಸಿ ಅಂದರು. ಯಜಮಾನರ ಫೋನಿನಲ್ಲಿ 2023ರ ಫೆಬ್ರವರಿಯಲ್ಲಿ ಟೀಚರ್‌ಗೆ ಮಾಡಿಸಿದ ಮಾಸ್ಟರ್ ಹೆಲ್ತ್ ಚೆಕಪ್‌ನ ಪಿಡಿಎಫ್ ಇತ್ತು. ಹದಿನಾಲ್ಕು ಪುಟ. ಅದನ್ನೂ ಸೇರಿಸಿ ಕಳಿಸಿದರು.

ಮೂರು ರಾತ್ರಿ ಇದ್ದು ಮನೆಗೆ ಬಂದರು. ನಮ್ಮಲ್ಲಿ ಟಿಪಿಎ, ಅಂದರೆ ವಿಮಾ ಕಂಪನಿ ಪರವಾಗಿ ಕ್ಲೇಮ್ ನೋಡುವ ಏಜೆನ್ಸಿಯ ಅಪ್ರೂವಲ್ ಬರುವವರೆಗೆ ಬಟ್ಟೆ ಬದಲಿಸಿ ಬೆಡ್ ಮೇಲೆ ಕೂತು ಕಾಯಬೇಕು, ಅಲ್ವಾ? ಅಲ್ಲಿ ಹಾಗಲ್ಲ. ಹೋಗಿ ಬನ್ನಿ ಅಂತ ವೀಲ್‌ಚೇರಿನಲ್ಲಿ ಕಾರಿನ ತನಕ ಬಿಟ್ಟು ಕೈ ಬೀಸುತ್ತಾರೆ. ಬಿಲ್ಲು ಆಮೇಲೆ ಪೋಸ್ಟಿನಲ್ಲಿ ಬರುತ್ತದೆ. ಒಂದಲ್ಲ, ಆರು.

ಆರು ಲಕೋಟೆ

ಆಸ್ಪತ್ರೆಯದು 61,400 ಡಾಲರ್. ಸರ್ಜನ್ 4,900. ಅರಿವಳಿಕೆ ಡಾಕ್ಟರ್ 2,300. ಎಮರ್ಜೆನ್ಸಿ ಡಾಕ್ಟರ್ 1,900. ಸ್ಕ್ಯಾನ್ ಓದಿದವರು 420. ತೆಗೆದ ಪಿತ್ತಕೋಶವನ್ನು ಪರೀಕ್ಷೆ ಮಾಡಿದ ಪೆಥಾಲಜಿಯವರು 280. ಒಟ್ಟು 71,200 ಡಾಲರ್. ಆಗಿನ ದರದಲ್ಲಿ ಸುಮಾರು 59 ಲಕ್ಷ ರೂಪಾಯಿ. ಅಮೆರಿಕದ ಆಸ್ಪತ್ರೆಯಲ್ಲಿ ಡಾಕ್ಟರುಗಳು ಎಷ್ಟೋ ಸಲ ಬೇರೆ ಬೇರೆ ಗುಂಪಿಗೆ ಸೇರಿದವರು, ಅವರ ಬಿಲ್ಲೂ ಬೇರೆಯೇ ಬರುತ್ತದೆ. ಇದು ಗೊತ್ತಿಲ್ಲದೆ ಮೊದಲ ಲಕೋಟೆ ನೋಡಿ ಇಷ್ಟೇ ಅಂದುಕೊಂಡವರಿದ್ದಾರೆ.

ಆಗಸ್ಟ್‌ನಲ್ಲಿ ವಿಮಾ ಕಂಪನಿ ಕ್ಲೇಮನ್ನು ತಿರಸ್ಕರಿಸಿತು. ಕಾರಣ, ಆ ಹದಿನಾಲ್ಕು ಪುಟದ ರಿಪೋರ್ಟಿನ ಹನ್ನೊಂದನೇ ಪುಟ. ಹೊಟ್ಟೆಯ ಅಲ್ಟ್ರಾಸೌಂಡ್. ಲಿವರ್ ಸರಿಯಿದೆ, ಕಿಡ್ನಿ ಸರಿಯಿದೆ, ಪಿತ್ತಕೋಶದಲ್ಲಿ 4 ಮಿಲಿಮೀಟರಿನ ಒಂದೆರಡು ಕಲ್ಲು ಕಾಣುತ್ತಿವೆ, ಗೋಡೆ ದಪ್ಪವಾಗಿಲ್ಲ. ಅಷ್ಟೇ. ಪಾಲಿಸಿಗೆ ಮುಂಚೆಯೇ ಇದ್ದ ಕಾಯಿಲೆ, ಅರ್ಜಿಯಲ್ಲಿ ಹೇಳಿಲ್ಲ, ಹಾಗಾಗಿ ಕೊಡುವುದಿಲ್ಲ ಅಂತ ಪತ್ರ.

"ಹನ್ನೊಂದನೇ ಪುಟ ನಾನು ತೆರೆದೇ ನೋಡಿಲ್ಲ" ಅಂದರು ಟೀಚರ್. ನೋಡಿದ್ದರೂ ಅರ್ಥವಾಗುತ್ತಿರಲಿಲ್ಲ ಅನ್ನುವುದು ಬೇರೆ ಮಾತು. ಹೆಲ್ತ್ ಚೆಕಪ್ ಮುಗಿದ ಮೇಲೆ ಅಲ್ಲಿನ ಡಾಕ್ಟರು ಐದು ನಿಮಿಷ ಕೂರಿಸಿಕೊಂಡು, ಉಪ್ಪು ಕಡಿಮೆ ಮಾಡಿ, ತೂಕ ಇಳಿಸಿ, ವಿಟಮಿನ್ ಡಿ ಕಡಿಮೆ ಇದೆ ಅಂತ ಮಾತ್ರೆ ಬರೆದು ಕಳಿಸಿದ್ದರು. ಕಲ್ಲಿನ ಮಾತೇ ಬರಲಿಲ್ಲ. ಇದು ಅಪರೂಪವೇನಲ್ಲ. ಪಿತ್ತಕೋಶದ ಕಲ್ಲು ಬಹಳಷ್ಟು ಜನರಿಗೆ ಇರುತ್ತದೆ, ಹೆಚ್ಚಿನವರಿಗೆ ಜೀವನಪೂರ್ತಿ ತೊಂದರೆ ಕೊಡುವುದಿಲ್ಲ. ನೋವಿಲ್ಲದಿದ್ದರೆ ಸಾಮಾನ್ಯವಾಗಿ ಆಪರೇಷನ್ ಮಾಡುವುದೂ ಇಲ್ಲ.

ಬಡವರ ಅರ್ಜಿ

ತಿರಸ್ಕಾರ ಪತ್ರ ಬಂದಾಗ ಅವರಿನ್ನೂ ಅಮೆರಿಕದಲ್ಲೇ ಇದ್ದರು. ಅಳಿಯನಿಗೆ ಆಫೀಸಿನಲ್ಲಿ ಯಾರೋ ಒಂದು ದಾರಿ ಹೇಳಿದರು. ಅಲ್ಲಿ ಲಾಭರಹಿತ ಆಸ್ಪತ್ರೆಗಳಿಗೆ ತೆರಿಗೆ ವಿನಾಯಿತಿ ಇದೆ. ಅದಕ್ಕೆ ಬದಲಾಗಿ, ಕಟ್ಟಲಾಗದವರಿಗೆ ಬಿಲ್ಲು ಕಡಿಮೆ ಮಾಡುವ ನೆರವಿನ ನೀತಿಯನ್ನು ಬರೆದಿಟ್ಟುಕೊಳ್ಳಬೇಕು ಅಂತ 2010ರ ಆರೋಗ್ಯ ಸುಧಾರಣಾ ಕಾನೂನು ಹೇಳುತ್ತದೆ. ಡಿಸ್ಚಾರ್ಜ್ ಆದ ಮೇಲಿನ ಮೊದಲ ಬಿಲ್ಲಿನಿಂದ 240 ದಿನದವರೆಗೆ ಅರ್ಜಿ ಹಾಕಬಹುದು. ಯಾರಿಗೆ ಎಷ್ಟು ಅನ್ನುವುದು ಆಯಾ ಆಸ್ಪತ್ರೆಗೆ ಬಿಟ್ಟದ್ದು. ಈ ಆಸ್ಪತ್ರೆಯ ನೀತಿಯಲ್ಲಿ ಎಮರ್ಜೆನ್ಸಿ ಚಿಕಿತ್ಸೆಗೆ ಅಲ್ಲಿನ ನಿವಾಸಿಯೇ ಆಗಿರಬೇಕು ಅಂತ ಇರಲಿಲ್ಲ.

ಅರ್ಜಿಯಲ್ಲಿ ವರ್ಷದ ಆದಾಯ ಬರೆಯಬೇಕು. 78 ಸಾವಿರ ರೂಪಾಯಿ ಪಿಂಚಣಿ ವರ್ಷಕ್ಕೆ ಸುಮಾರು 11,300 ಡಾಲರ್. ಇಬ್ಬರಿರುವ ಕುಟುಂಬಕ್ಕೆ 2024ರಲ್ಲಿ ಅಮೆರಿಕ ಸರ್ಕಾರದ ಬಡತನದ ಗೆರೆ 20,440 ಡಾಲರ್. ಅಂದರೆ ವಿಜಯನಗರದಲ್ಲಿ ಸ್ವಂತ ಮನೆ, ತಿಂಗಳ ಪಿಂಚಣಿ, ಬ್ಯಾಂಕಿನಲ್ಲಿ ಎಫ್‌ಡಿ ಇಟ್ಟುಕೊಂಡಿರುವ ಇವರು ಅಲ್ಲಿ ಕಡುಬಡವರು! ಯಜಮಾನರಿಗೆ ಇದು ಗಂಟಲಲ್ಲಿ ಇಳಿಯಲಿಲ್ಲ. "ಮೂವತ್ತೆಂಟು ವರ್ಷ ಸರ್ವಿಸ್ ಮಾಡಿದ್ದೀನಿ. ಬಡವ ಅಂತ ಬರೆದುಕೊಡಲಾ?" ಅಂತ ಎರಡು ದಿನ ಪೆನ್ನು ಮುಟ್ಟಲಿಲ್ಲವಂತೆ. ಕೊನೆಗೆ ಟೀಚರ್, "ಅವರು ಕೇಳಿರೋದು ಲೆಕ್ಕ ರೀ, ಮರ್ಯಾದೆ ಅಲ್ಲ. ಇದ್ದದ್ದು ಬರೀರಿ" ಅಂದರು. ಮನೆ, ಎಫ್‌ಡಿ ಎರಡನ್ನೂ ಮುಚ್ಚಿಡದೆ ಬರೆದರು, ವಿಮಾ ಕಂಪನಿಯ ತಿರಸ್ಕಾರ ಪತ್ರವನ್ನೂ ಲಗತ್ತಿಸಿದರು. ಕೆಲವು ವಾರದ ಮೇಲೆ ಆಸ್ಪತ್ರೆ ತನ್ನ 61,400ನ್ನು 6,140ಕ್ಕೆ ಇಳಿಸಿತು.

ಬೇರೆ ಡಾಕ್ಟರುಗಳಿಗೆ ಈ ನೀತಿ ಅನ್ವಯಿಸಲಿಲ್ಲ. ಒಟ್ಟಿಗೆ ಕಟ್ಟಿದರೆ ಸರ್ಜನ್ 3,900ಕ್ಕೆ, ಅರಿವಳಿಕೆಯವರು 1,800ಕ್ಕೆ ಒಪ್ಪಿದರು. ಉಳಿದವರು ಒಂದು ಡಾಲರೂ ಬಿಡಲಿಲ್ಲ. ಎಲ್ಲ ಸೇರಿ 14,440 ಡಾಲರನ್ನು ಮಗಳು ಅಳಿಯ ಕಟ್ಟಿದರು. ಆಸ್ಪತ್ರೆಯ ಪಾಲನ್ನು ಕಂತಿನಲ್ಲಿ.

ಕಲ್ಲು ಕಾಯಿಲೆಯೇ?

ಫೈಲು ನನ್ನ ಟೇಬಲ್ಲಿಗೆ ಬಂದದ್ದು ಇಷ್ಟೆಲ್ಲ ಆದ ಮೇಲೆ. ಕಂಪನಿಯನ್ನು ಸುಮ್ನೆ ಬೈಯುವುದು ಸುಲಭ. ನಾನು ಕ್ಲೇಮ್ಸ್‌ನಲ್ಲಿ ಕೂತಿದ್ದಾಗ ಇಂಥ ರಿಪೋರ್ಟು ಬಂದಿದ್ದರೆ ನಾನೂ ಪ್ರಶ್ನೆ ಕೇಳುತ್ತಿದ್ದೆ. ಆದರೆ ಪ್ರಶ್ನೆ ಕೇಳುವುದು ಒಂದು, ನೇರವಾಗಿ ತಿರಸ್ಕರಿಸುವುದು ಇನ್ನೊಂದು.

ಪಾಲಿಸಿಯಲ್ಲಿ ಮುಂಚಿನ ಕಾಯಿಲೆ ಅಂದರೆ ಏನು ಅಂತ ಬರೆದಿರುತ್ತದೆ. ವಿಮಾ ನಿಯಂತ್ರಣ ಪ್ರಾಧಿಕಾರವಾದ ಐಆರ್‌ಡಿಎಐ ಇದಕ್ಕೆ ಒಂದು ವಾಕ್ಯ ಕೊಟ್ಟಿದೆ. ಪಾಲಿಸಿ ಶುರುವಾಗುವ ಹಿಂದಿನ ಇಂತಿಷ್ಟು ತಿಂಗಳಲ್ಲಿ ಡಾಕ್ಟರು ಪತ್ತೆ ಮಾಡಿದ ಕಾಯಿಲೆ, ಇಲ್ಲವೇ ಡಾಕ್ಟರು ಸಲಹೆ ಅಥವಾ ಚಿಕಿತ್ಸೆ ಕೊಟ್ಟ ಕಾಯಿಲೆ. ಟೀಚರ್ ಪಾಲಿಸಿ ಮಾಡಿಸಿದಾಗ ಅದು 48 ತಿಂಗಳು ಇತ್ತು, 2024ರ ಏಪ್ರಿಲ್‌ನಿಂದ 36ಕ್ಕೆ ಇಳಿಯಿತು. ಸ್ಕ್ಯಾನ್ ಆದದ್ದು ಬರೀ ಒಂದು ವರ್ಷದ ಹಿಂದೆ, ಹಾಗಾಗಿ ಎರಡೂ ಲೆಕ್ಕದಲ್ಲಿ ಅವಧಿಯೊಳಗೇ ಬರುತ್ತದೆ. ಸ್ಕ್ಯಾನಿಗೆ ಸಹಿ ಹಾಕಿದ ರೇಡಿಯಾಲಜಿಸ್ಟೂ ಡಾಕ್ಟರೇ. ಕಂಪನಿಯ ವಾದದಲ್ಲಿ ತೂಕವೇ ಇಲ್ಲ ಅಂತ ಹೇಳುವ ಹಾಗಿರಲಿಲ್ಲ.

ಇಲ್ಲಿ ಸುಪ್ರೀಂ ಕೋರ್ಟಿನ ಒಂದು ತೀರ್ಪು ನೆನಪಿಗೆ ಬಂತು. 2009ರಲ್ಲಿ ಮದುವೆಗೆ ಅಂತ ಅಮೆರಿಕಕ್ಕೆ ಹೋದ ಒಬ್ಬರಿಗೆ ಸ್ಯಾನ್ ಫ್ರಾನ್ಸಿಸ್ಕೊ ವಿಮಾನ ನಿಲ್ದಾಣ ತಲುಪಿದ ಮೇಲೆ ಹೃದಯದ ತೊಂದರೆ ಕಾಣಿಸಿ ಸ್ಟೆಂಟ್ ಹಾಕಬೇಕಾಯಿತು. ಸಕ್ಕರೆ ಕಾಯಿಲೆ ಇದೆ ಅಂತ ಅವರು ಮೊದಲೇ ಹೇಳಿದ್ದರು. ಕೊಬ್ಬಿನ ಮಾತ್ರೆಯ ವಿಷಯ ಹೇಳಿಲ್ಲ ಅಂತ ಕ್ಲೇಮ್ ತಿರಸ್ಕಾರವಾಯಿತು. ರಾಷ್ಟ್ರೀಯ ಗ್ರಾಹಕ ಆಯೋಗದಲ್ಲಿ ಅವರು ಸೋತರು. 2021ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನಲ್ಲಿ ಗೆದ್ದರು. ತೀರ್ಪು ಬರೆದವರು ನಮ್ಮ ಕರ್ನಾಟಕದ ನ್ಯಾಯಮೂರ್ತಿ ಬಿ.ವಿ. ನಾಗರತ್ನ. ಗೊತ್ತಿರುವುದನ್ನು ಮಾತ್ರವಲ್ಲ, ಗೊತ್ತಿರಬೇಕಾದದ್ದನ್ನೂ ಅರ್ಜಿದಾರ ಹೇಳಬೇಕು. ಆದರೆ ಗೊತ್ತಿಲ್ಲದ, ಗೊತ್ತಾಗಲು ಸಾಧ್ಯವೂ ಇಲ್ಲದ ವಿಷಯಕ್ಕೆ ಅವನನ್ನು ಹೊಣೆ ಮಾಡುವ ಹಾಗಿಲ್ಲ ಅನ್ನುವುದು ಆ ತೀರ್ಪಿನಲ್ಲಿದೆ. ನಮ್ಮ ಪ್ರಕರಣದಲ್ಲಿ ಇದು ಎರಡು ಕಡೆಗೂ ವಾಲುತ್ತದೆ. ರಿಪೋರ್ಟು ಮನೆಯಲ್ಲೇ ಇತ್ತಲ್ಲ, ಓದಬಹುದಿತ್ತಲ್ಲ ಅಂತ ಕಂಪನಿ ಕೇಳಬಹುದು.

ಹಾಗಾಗಿ ಇದೊಂದನ್ನೇ ನಂಬಿಕೊಂಡು ಹೋಗುವುದು ಬೇಡ ಅನ್ನಿಸಿತು. ಪಾಲಿಸಿಯನ್ನು ಮತ್ತೆ ಮೊದಲಿಂದ ಓದಿದೆ. ಮುಂಚಿನ ಕಾಯಿಲೆಗೆ ಕೊಡುವುದಿಲ್ಲ ಅನ್ನುವ ಷರತ್ತಿನ ಕೆಳಗೆ ಸಣ್ಣ ಅಕ್ಷರದಲ್ಲಿ ಇನ್ನೊಂದು ಸಾಲು ಇತ್ತು. ಪ್ರಾಣಕ್ಕೆ ಅಪಾಯವಿರುವ ತುರ್ತು ಸ್ಥಿತಿಗೆ ಈ ಷರತ್ತು ಅನ್ವಯಿಸುವುದಿಲ್ಲ, ಅಪಾಯ ತಪ್ಪಿಸುವ ಚಿಕಿತ್ಸೆಯ ಖರ್ಚು ಕೊಡುತ್ತೇವೆ. ಅಂದರೆ ಕಲ್ಲು ಮುಂಚಿನದೇ ಅಂತ ಒಪ್ಪಿಕೊಂಡರೂ, ಆ ದಿನ ಪ್ರಾಣಾಪಾಯ ಇತ್ತು ಅಂತ ತೋರಿಸಿದರೆ ಸಾಕು. ಇಂಥ ವಿನಾಯಿತಿ ನಮ್ಮ ಪ್ರವಾಸ ವಿಮೆಗಳಲ್ಲಿ ಆಗಾಗ ಕಾಣುತ್ತದೆ. ತಿರಸ್ಕಾರ ಪತ್ರ ಬರೆಯುವವರು ಇದನ್ನು ಉಲ್ಲೇಖಿಸುವುದಿಲ್ಲ ಅಷ್ಟೇ.

ಪ್ರಾಣಾಪಾಯಕ್ಕೆ ಸಾಕ್ಷಿ? ಆರು ಬಿಲ್ಲುಗಳಲ್ಲಿ ಅತಿ ಚಿಕ್ಕದರ ಜೊತೆ ಬಂದಿತ್ತು. 280 ಡಾಲರಿನ ಪೆಥಾಲಜಿ ವರದಿ. ಪಿತ್ತಕೋಶದ ಗೋಡೆಯ ಒಂದು ಭಾಗ ಗ್ಯಾಂಗ್ರೀನ್ ಆಗಿ ಸತ್ತಿದೆ ಅಂತ ಸೂಕ್ಷ್ಮದರ್ಶಕದಲ್ಲಿ ನೋಡಿ ಬರೆದಿದ್ದರು. ಒಂದು ದಿನ ತಡವಾಗಿದ್ದರೆ ಒಡೆದು ಹೊಟ್ಟೆಯೊಳಗೆಲ್ಲ ಸೋಂಕು ಹರಡಬಹುದಿತ್ತು ಅಂತ ಸರ್ಜನ್ ಕೂಡ ಒಂದು ಪುಟದ ಪತ್ರ ಕೊಟ್ಟರು. ಮಗಳು ಇಮೇಲ್ ಮಾಡಿ ಕೇಳಿದ ಮೂರನೇ ದಿನಕ್ಕೆ ಪತ್ರ ಬಂತು. ಕೇಳಿದರೆ ಕೊಡುತ್ತಾರೆ, ನಾವೇ ಕೇಳುವುದಿಲ್ಲ.

ಜೆ.ಪಿ. ನಗರದ ಆಫೀಸು

ಮೊದಲು ಕಂಪನಿಯ ಕುಂದುಕೊರತೆ ಅಧಿಕಾರಿಗೆ ಬರೆದೆವು. ಹಳೇ ಉತ್ತರವೇ ವಾಪಸ್ ಬಂತು. ಈ ಹೆಜ್ಜೆ ಬಿಡುವ ಹಾಗಿಲ್ಲ. ಕಂಪನಿಗೆ ಬರೆದು ಒಂದು ತಿಂಗಳು ಉತ್ತರ ಬರದಿದ್ದರೆ, ಅಥವಾ ಬಂದ ಉತ್ತರ ಒಪ್ಪಿಗೆಯಾಗದಿದ್ದರೆ ಮಾತ್ರ ವಿಮಾ ಒಂಬುಡ್ಸ್‌ಮನ್, ಅಂದರೆ ವಿಮೆಯ ತಕರಾರು ಕೇಳಿ ತೀರ್ಪು ಕೊಡುವ ಅಧಿಕಾರಿಯ ಹತ್ತಿರ ಹೋಗಬಹುದು. ಅದಕ್ಕೆ ಒಂದು ವರ್ಷದ ಗಡುವು. ಕರ್ನಾಟಕಕ್ಕೆ ಆ ಕಚೇರಿ ಇರುವುದು ಜೆ.ಪಿ. ನಗರ ಒಂದನೇ ಹಂತದ ಜೀವನ್ ಸೌಧದಲ್ಲಿ. ಫೀಸು ಇಲ್ಲ. ವಕೀಲರನ್ನು ಕರೆದುಕೊಂಡು ಹೋಗುವ ಹಾಗಿಲ್ಲ. 50 ಲಕ್ಷದವರೆಗಿನ ಪರಿಹಾರ ಕೊಡಿಸುವ ಅಧಿಕಾರ ಇದೆ. 2023ಕ್ಕೆ ಮುಂಚೆ 30 ಲಕ್ಷ ಇತ್ತು. ಇವರು ಕೊಟ್ಟ ತೀರ್ಪಿಗೆ ಕಂಪನಿ ಬದ್ಧ, ದೂರು ಕೊಟ್ಟವರು ಬದ್ಧರಲ್ಲ. ಬೇಡ ಅನ್ನಿಸಿದರೆ ಗ್ರಾಹಕರ ಆಯೋಗದ ಬಾಗಿಲು ಆಮೇಲೂ ತೆರೆದಿರುತ್ತದೆ.

2024ರ ನವೆಂಬರ್‌ನಲ್ಲಿ ದೂರು ಕೊಟ್ಟರು. ಫೈಲು ಜೋಡಿಸಿಕೊಟ್ಟದ್ದು ಮಾತ್ರ ನಾನು. ಫೆಬ್ರವರಿಯ ವಿಚಾರಣೆಯಲ್ಲಿ ಮಾತಾಡಿದ್ದು ಟೀಚರೇ. ಕಂಪನಿ ಪರವಾಗಿ ಬಂದ ಹುಡುಗ ಹನ್ನೊಂದನೇ ಪುಟವನ್ನು ಓದಿ ಹೇಳಿದ. ಇವರು ಸಮಾಧಾನವಾಗಿ, "ಹನ್ನೊಂದು ಆಯಿತಪ್ಪ, ಈಗ ಎರಡನೇ ಪುಟ ಓದು" ಅಂದರು. ಎರಡನೇ ಪುಟದಲ್ಲಿದ್ದದ್ದು ಹೆಲ್ತ್ ಚೆಕಪ್ ಡಾಕ್ಟರ ಸಾರಾಂಶ. ಉಪ್ಪು, ತೂಕ, ವಿಟಮಿನ್ ಡಿ. "ನನಗೆ ಡಾಕ್ಟರು ಕೊಟ್ಟ ಸಲಹೆ ಇಷ್ಟೇ. ಬಿಪಿ ಬರೆದವಳು ಕಲ್ಲು ಯಾಕೆ ಬಚ್ಚಿಡಲಿ?" ಆ ಹುಡುಗನ ಹತ್ತಿರ ಇದಕ್ಕೆ ಉತ್ತರ ಇರಲಿಲ್ಲ. ನರ್ಸು ಬರೆದುಕೊಂಡಿದ್ದ ಕೇಸ್ ಶೀಟಿನ ಸಾಲೂ ಇದನ್ನೇ ಹೇಳುತ್ತಿತ್ತು. ನೋವಿನ ಮಧ್ಯೆ, ವಿಮೆಯ ಯೋಚನೆಯೇ ಇಲ್ಲದಾಗ ಹೇಳಿದ ಮಾತಿಗೆ ಬೆಲೆ ಜಾಸ್ತಿ.

ಮಾರ್ಚ್‌ನಲ್ಲಿ ತೀರ್ಪು ಬಂತು. ಸಾರಾಂಶದಲ್ಲಿ ಕಲ್ಲಿನ ಬಗ್ಗೆ ಸಲಹೆಯೇ ಇಲ್ಲದಿರುವಾಗ ಬೇಕೆಂದೇ ಮುಚ್ಚಿಟ್ಟರು ಅನ್ನಲಾಗದು. ಹೇಗೂ ಚಿಕಿತ್ಸೆ ಪ್ರಾಣಾಪಾಯದ ವಿನಾಯಿತಿಯೊಳಗೆ ಬರುತ್ತದೆ. ಪಾಲಿಸಿಯ ಷರತ್ತು ಮತ್ತು ಮಿತಿಗಳಿಗೆ ಒಳಪಟ್ಟು ಕ್ಲೇಮ್ ಕೊಡಿ.

ಏಳನೇ ಪುಟದ ಕೋಷ್ಟಕ

ಮಿತಿಗಳಿಗೆ ಒಳಪಟ್ಟು. ನನಗೆ ಈ ಪ್ರಕರಣದಲ್ಲಿ ನಿಜವಾಗಿ ಸಿಟ್ಟು ತರಿಸಿದ್ದು ಇದು, ಹನ್ನೊಂದನೇ ಪುಟದ ಜಗಳ ಅಲ್ಲ.

ಅರವತ್ತು ದಾಟಿದವರಿಗೆ ಮಾರುವ ಹಲವು ಪ್ರವಾಸ ಪಾಲಿಸಿಗಳಲ್ಲಿ ಬಾಬ್ತುವಾರು ಮಿತಿ ಇರುತ್ತದೆ. ಸಬ್‌ಲಿಮಿಟ್ ಅನ್ನುತ್ತಾರೆ. ಟೀಚರ್ ಪಾಲಿಸಿಯ ಏಳನೇ ಪುಟದಲ್ಲಿ ಹೀಗಿತ್ತು. ರೂಮು, ನರ್ಸಿಂಗ್, ಆಪರೇಷನ್ ಥಿಯೇಟರ್, ಔಷಧಿ ಎಲ್ಲ ಸೇರಿ ದಿನಕ್ಕೆ 1,500 ಡಾಲರ್. ಸರ್ಜನ್‌ಗೆ 9,000ದವರೆಗೆ. ಅರಿವಳಿಕೆಗೆ ಸರ್ಜನ್ ಫೀಸಿನ ಕಾಲು ಭಾಗ. ಡಾಕ್ಟರ ಭೇಟಿಗೆ ದಿನಕ್ಕೆ 100. ಪರೀಕ್ಷೆಗಳಿಗೆ ಒಟ್ಟು 1,000. ಮೊದಲ 100 ಡಾಲರ್ ನಮ್ಮ ಕೈಯಿಂದ.

ಈಗ ಲೆಕ್ಕ ಹಾಕಿ. ಕಂಪನಿ ಯಾವ ತಕರಾರೂ ಮಾಡದೆ, ಮೊದಲ ದಿನವೇ ಕೈ ಮುಗಿದು ಕ್ಲೇಮ್ ಒಪ್ಪಿಕೊಂಡಿತ್ತು ಅಂತಲೇ ಇಟ್ಟುಕೊಳ್ಳಿ. ಆಸ್ಪತ್ರೆಯ ಬಾಬ್ತು ಮೂರು ದಿನಕ್ಕೆ 4,500. ಸರ್ಜನ್ 4,900. ಅರಿವಳಿಕೆ 1,225. ಡಾಕ್ಟರ ಭೇಟಿ 300. ಪರೀಕ್ಷೆ 700. ನೂರು ಕಳೆದರೆ 11,525 ಡಾಲರ್. ಬಿಲ್ಲು 71,200. ಉಳಿದ 59,675 ಡಾಲರಿಗೆ ಯಾರೂ ಏನನ್ನೂ ತಿರಸ್ಕರಿಸಬೇಕಾಗಿಯೇ ಇರಲಿಲ್ಲ. ಪಾಲಿಸಿ ಕೊಂಡ ದಿನವೇ ಅದು ಹೋಗಿತ್ತು. ಮೊದಲ ಪುಟದ ಒಂದು ಲಕ್ಷ ಡಾಲರಿನ ಹತ್ತಿರ ಹೋಗಬೇಕಾದರೆ ಈ ದರದಲ್ಲಿ ಎಷ್ಟು ತಿಂಗಳು ಆಸ್ಪತ್ರೆಯಲ್ಲಿ ಮಲಗಿರಬೇಕೋ!

ಏಜೆಂಟ್ ಈ ಪುಟ ತೋರಿಸಿರಲಿಲ್ಲ. ಅವನಿಗೇ ಗೊತ್ತಿತ್ತೋ ಇಲ್ಲವೋ. ಅದೇ ಕಂಪನಿಯಲ್ಲಿ ಸಬ್‌ಲಿಮಿಟ್ ಇಲ್ಲದ ಇನ್ನೊಂದು ಪ್ಲಾನ್ ಇತ್ತು, ಪ್ರೀಮಿಯಂ ಜಾಸ್ತಿ. ಐವತ್ತು ಸಾವಿರ ಡಾಲರಿನ, ಸಬ್‌ಲಿಮಿಟ್ ಇಲ್ಲದ ಪಾಲಿಸಿಯೇ ಈ ಲಕ್ಷದ ಪಾಲಿಸಿಗಿಂತ ಎಷ್ಟೋ ಮೇಲು.

ಕೊನೆಗೆ ಬಂದದ್ದು ಇನ್ನೂ ಕಡಿಮೆ. ವಿಮೆ ನಷ್ಟ ತುಂಬಿಕೊಡುತ್ತದೆಯೇ ಹೊರತು ಬಿಲ್ಲಿನಲ್ಲಿ ಅಚ್ಚಾದ ಮೊತ್ತ ಕೊಡುವುದಿಲ್ಲ. ಮಗಳು ನಿಜವಾಗಿ ಕಟ್ಟಿದ್ದು 14,440. ಅದಕ್ಕೆ ಬಾಬ್ತುವಾರು ಮಿತಿ ಹಾಕಿದರು. ಸರ್ಜನ್ ಫೀಸು ಚೌಕಾಸಿ ಮಾಡಿ 3,900ಕ್ಕೆ ಇಳಿಸಿದ್ದರಿಂದ ಅರಿವಳಿಕೆಯ ಕಾಲು ಭಾಗವೂ 975ಕ್ಕೆ ಇಳಿಯಿತು. ಕಷ್ಟಪಟ್ಟು ಚೌಕಾಸಿ ಮಾಡಿದ್ದಕ್ಕೆ ಸಿಕ್ಕ ಬಹುಮಾನ ನೋಡಿ. ಒಟ್ಟು 10,275 ಡಾಲರಿನ ರೂಪಾಯಿ ಏಪ್ರಿಲ್‌ನಲ್ಲಿ ಟೀಚರ್ ಖಾತೆಗೆ ಬಂತು, ಹತ್ತಿರ ಹತ್ತಿರ 8.8 ಲಕ್ಷ. ಮಗಳು ಇದನ್ನು ಆಸ್ಪತ್ರೆಯ ಬಿಲ್ಲಿಂಗ್‌ನವರಿಗೂ ತಿಳಿಸಿದಳು. ಆಸ್ಪತ್ರೆಯ ಬಾಬ್ತಿಗೆ ಬಂದ ಹಣ ಅವಳು ಕಟ್ಟಿದ್ದಕ್ಕಿಂತ ಕಡಿಮೆ ಇದ್ದದ್ದರಿಂದ ಅವರು ಲೆಕ್ಕವನ್ನು ಹಾಗೇ ಮುಚ್ಚಿದರು.

ಅಲ್ಲಿನ ಪಾಲಿಸಿ ತಗೊಂಡಿದ್ದರೆ?

ಈ ಕಥೆ ಕೇಳಿದವರೆಲ್ಲ ಕೇಳುವ ಪ್ರಶ್ನೆ ಇದು. ಅಮೆರಿಕದ ಕಂಪನಿಗಳು ಭೇಟಿಗೆ ಬರುವವರಿಗೆ ಅಂತ ಮಾರುವ ವಿಮೆಯಲ್ಲಿ ಎರಡು ಬಗೆ. ಒಂದು, ನಮ್ಮ ಸಬ್‌ಲಿಮಿಟ್ ತರಹ ಇಂತಿಂಥದ್ದಕ್ಕೆ ಇಷ್ಟಿಷ್ಟು ಅಂತ ಕೊಡುವಂಥದ್ದು. ಅಗ್ಗ, ಆದರೆ ಅದೇ ರೋಗ. ಇನ್ನೊಂದು ಪೂರ್ಣ ರೂಪದ್ದು. ಮೊದಲಿನ ಸ್ವಲ್ಪ ನಮ್ಮದು, ಮುಂದಿನ ಕೆಲವು ಸಾವಿರದಲ್ಲಿ ಸಾಮಾನ್ಯವಾಗಿ ಐದನೇ ಒಂದು ಭಾಗ ನಮ್ಮದು, ಆಮೇಲಿನದೆಲ್ಲ ಪಾಲಿಸಿಯ ಮಿತಿಯವರೆಗೆ ಅವರದು. ಆಸ್ಪತ್ರೆಗಳ ಜಾಲದ ಜೊತೆ ಒಪ್ಪಂದವೂ ಇರುತ್ತದೆ, ಕೌಂಟರಿನಲ್ಲಿ ಕಾರ್ಡ್ ಗುರುತು ಹಿಡಿಯುತ್ತಾರೆ.

ಆದರೆ ಮುಂಚಿನ ಕಾಯಿಲೆಯ ವಿಷಯದಲ್ಲಿ ಅವರು ನಮ್ಮವರಿಗಿಂತ ಬಿಗಿ. ಪತ್ತೆಯಾಗಿರಲಿ ಬಿಡಲಿ, ಲಕ್ಷಣ ಕಂಡಿರಲಿ ಬಿಡಲಿ, ದೇಹದಲ್ಲಿ ಇದ್ದರೆ ಅದು ಮುಂಚಿನದೇ ಅಂತ ಬರೆದಿರುವ ಪಾಲಿಸಿಗಳು ಅಲ್ಲಿ ಸಾಮಾನ್ಯ. ಹಾಗಾದರೆ ಟೀಚರ್ ಸ್ಕ್ಯಾನ್ ಮಾಡಿಸದೇ ಇದ್ದಿದ್ದರೂ ಆ ಕಲ್ಲು ಅವರ ತಲೆಗೇ ಬರುತ್ತಿತ್ತು. ಹಳೇ ಕಾಯಿಲೆ ಇದ್ದಕ್ಕಿದ್ದಂತೆ ಉಲ್ಬಣಿಸಿದರೆ ಕೊಡುತ್ತೇವೆ ಅನ್ನುವ ಒಂದು ಷರತ್ತು ಅಲ್ಲಿ ಇರುತ್ತದೆ. ಎಷ್ಟೋ ಪಾಲಿಸಿಗಳಲ್ಲಿ ನೋವು ಶುರುವಾದ 24 ಗಂಟೆಯೊಳಗೆ ಚಿಕಿತ್ಸೆಗೆ ಹೋಗಿರಬೇಕು. "ಬೆಳಗಾಗಲಿ" ಅಂತ ಕಾಯುವ ನಮ್ಮ ಜನಕ್ಕೆ ಇದು ಕಷ್ಟ. ವಯಸ್ಸು 70 ದಾಟಿದರೆ ಈ ಸೌಲಭ್ಯ ಕುಗ್ಗುತ್ತದೆ, ಕೆಲವು ಕಡೆ ಸಿಗುವುದೇ ಇಲ್ಲ. ತಕರಾರು ಬಂದರೆ ಅಲ್ಲಿನ ಕಾನೂನು, ಅಲ್ಲಿನ ವಿಳಾಸ. ವಿಜಯನಗರದಿಂದ ಮೆಟ್ರೋ ಹತ್ತಿ ಜೆ.ಪಿ. ನಗರಕ್ಕೆ ಹೋಗಿ ದೂರು ಕೊಟ್ಟು ಬರುವ ಅನುಕೂಲ ಇಲ್ಲ.

ನನ್ನನ್ನು ಕೇಳಿದರೆ, ಅರವತ್ತೈದು ದಾಟಿದ, ಬಿಪಿ ಸಕ್ಕರೆ ಇರುವ, ಅಮೆರಿಕಕ್ಕೆ ಹೋಗುವವರಿಗೆ ಮೊದಲು ಸಬ್‌ಲಿಮಿಟ್ ಇಲ್ಲದ ಇಲ್ಲಿನ ಪ್ಲಾನ್ ಹುಡುಕಿ ಅನ್ನುತ್ತೇನೆ. ಸಿಗದಿದ್ದರೆ ಅಲ್ಲಿನ ಪೂರ್ಣ ರೂಪದ್ದು. ಯುರೋಪಿನ ವಿಷಯ ಬೇರೆ. ಷೆಂಗೆನ್ ವೀಸಾಕ್ಕೆ ಕನಿಷ್ಠ 30,000 ಯೂರೋ ವಿಮೆ ಬೇಕೇ ಬೇಕು, ಕಾನ್ಸುಲೇಟಿನವರೇ ನೋಡುತ್ತಾರೆ. ಅಮೆರಿಕದ ಪ್ರವಾಸಿ ವೀಸಾಕ್ಕೆ ವಿಮೆ ಕಡ್ಡಾಯವೇ ಅಲ್ಲ. ಹಾಗಾಗಿ ಯಾರೂ ಕೇಳುವುದಿಲ್ಲ, ಹೆಚ್ಚಿನವರು ಅಗ್ಗದ್ದನ್ನೇ ತಗೊಂಡು ಹೋಗುತ್ತಾರೆ.

ಎರಡನೇ ಸಲ

ಮೊಮ್ಮಗುವಿಗೆ ಎರಡು ತುಂಬುವಷ್ಟರಲ್ಲಿ ಮತ್ತೆ ಹೋಗಬೇಕು ಅಂತ ಇಬ್ಬರೂ ತಯಾರಾದರು. ಈ ಸಲ ಏಜೆಂಟಿಗಿಂತ ಮೊದಲು ಹಳೇ ರಿಪೋರ್ಟುಗಳ ಕಟ್ಟು ಹೊರಗೆ ಬಂತು. ಟೀಚರದು ಸರಳ: ಬಿಪಿ, ಥೈರಾಯ್ಡ್, 2024ರಲ್ಲಿ ಪಿತ್ತಕೋಶ ತೆಗೆಸಿದೆ. ಯಜಮಾನರ ರಿಪೋರ್ಟಿನಲ್ಲಿ ಮಾತ್ರ ಒಂದು ಹೊಸ ವಿಷಯ ಸಿಕ್ಕಿತು. ಎಡ ಕಿಡ್ನಿಯಲ್ಲಿ ಸಣ್ಣ ನೀರುಗುಳ್ಳೆ. ಅವರಿಗೆ ಗೊತ್ತೇ ಇರಲಿಲ್ಲ. ಬಡಾವಣೆಯ ಡಾಕ್ಟರಿಗೆ ತೋರಿಸಿದರು. ಈ ವಯಸ್ಸಿನಲ್ಲಿ ತುಂಬಾ ಜನಕ್ಕೆ ಇರುತ್ತೆ ಸಾರ್, ಏನೂ ಮಾಡಬೇಕಿಲ್ಲ ಅಂತ ಅವರು ಲೆಟರ್‌ಹೆಡ್‌ನಲ್ಲಿ ಎರಡು ಸಾಲು ಬರೆದುಕೊಟ್ಟರು. ಆ ಪತ್ರವನ್ನೂ ಅರ್ಜಿಯ ಜೊತೆ ಲಗತ್ತಿಸಿ, ಸಬ್‌ಲಿಮಿಟ್ ಇಲ್ಲದ ಪ್ಲಾನ್‌ಗೆ ಬೇರೆ ಕಂಪನಿಯಲ್ಲಿ ಹಾಕಿದರು. ಬಿಪಿಗೆ ಅಂತ ಸ್ವಲ್ಪ ಪ್ರೀಮಿಯಂ ಏರಿಸಿದರು. ನೀರುಗುಳ್ಳೆಗೆ ಒಂದು ರೂಪಾಯಿಯೂ ಏರಿಸಲಿಲ್ಲ.